ಬಾಂಬು ಬೀಳುವ ಕಡೆ

ಯುದ್ಧದ ಸುದ್ದಿಯನ್ನು ನಾನು ಬರೆದದ್ದೆಲ್ಲ ಯುದ್ಧದಿಂದ ಸಾವಿರಾರು ಮೈಲಿ ದೂರ, ಬೆಂಗಳೂರಿನ ಒಂದು ದಿನಪತ್ರಿಕೆಯ ಡೆಸ್ಕಿನಲ್ಲಿ ಕೂತು. 1991ರ ಜನವರಿಯಲ್ಲಿ ಅಮೆರಿಕ ಮತ್ತು ಅದರ ಮಿತ್ರದೇಶಗಳು ಬಾಗ್ದಾದಿನ ಮೇಲೆ ಬಾಂಬು ಹಾಕಲು ಶುರುಮಾಡಿದಾಗ ವಿದೇಶ ಪುಟ ನನ್ನ ಪಾಲಿಗಿತ್ತು. ಟೆಲಿಪ್ರಿಂಟರು ರಾತ್ರಿಯಿಡೀ ಕಟಕಟ ಎನ್ನುತ್ತಿತ್ತು. ಹರಿದು ತಂದ ಹಾಳೆಗಳಲ್ಲಿ ಮುಕ್ಕಾಲು ಪಾಲು ಮಿತ್ರಸೇನೆಯ ಕೇಂದ್ರವಿದ್ದ ರಿಯಾದಿನದು, ಇಲ್ಲವೇ ವಾಷಿಂಗ್ಟನ್ನಿನದು. ವಿಮಾನಗಳು ಎಷ್ಟು ಸಲ ಹಾರಿದವು, ಎಷ್ಟು ಗುರಿ ನಾಶವಾದವು, ಯಾವ ಕ್ಷಿಪಣಿ ಎಷ್ಟು ಕರಾರುವಾಕ್ಕು. ಬಾಗ್ದಾದಿನಿಂದ ಬರುತ್ತಿದ್ದದ್ದು ಚೂರುಪಾರು. ಅದು ಬಂದಾಗ ಇರಾಕಿ ಸೆನ್ಸಾರಿನ ಕೈದಾಟಿ ಬಂದದ್ದೆಂಬ ಎಚ್ಚರಿಕೆ ಜೊತೆಗಿರುತ್ತಿತ್ತು. ರಿಯಾದಿನ ಸುದ್ದಿಯೂ ಸೇನೆಯವರ ಕೈದಾಟಿಯೇ ಬಂದದ್ದು, ಆದರೆ ಅದಕ್ಕೆ ಅಂಥ ಎಚ್ಚರಿಕೆಯನ್ನು ಯಾರೂ ಹಚ್ಚುತ್ತಿರಲಿಲ್ಲ.

ಆಗ ಭಾವ, ಎಂದರೆ ನನ್ನ ಅಕ್ಕನ ಗಂಡ, ಕೆಲಸ ಹುಡುಕುತ್ತಾ ನಮ್ಮ ಮನೆಯಲ್ಲಿದ್ದರು. ಉಡುಪಿ ಕಡೆಯವರು, ಕುವೈತಿನಲ್ಲಿ ಸ್ಟೋರ್ ಕೀಪರ್ ಆಗಿದ್ದವರು. 1990ರ ಆಗಸ್ಟಿನಲ್ಲಿ ಸದ್ದಾಂ ಸೇನೆ ಕುವೈತಿಗೆ ನುಗ್ಗಿದಾಗ ಇದ್ದಬದ್ದದ್ದನ್ನು ಬಿಟ್ಟು ಬಸ್ಸು ಹತ್ತಿ, ಬಾಸ್ರಾ ದಾಟಿ, ಬಾಗ್ದಾದ್ ದಾಟಿ, ಜೋರ್ಡಾನ್ ಗಡಿಯ ಡೇರೆಗಳಲ್ಲಿ ಬಿದ್ದಿದ್ದು, ಅಮ್ಮಾನಿನಿಂದ ಏರ್ ಇಂಡಿಯಾ ವಿಮಾನದಲ್ಲಿ ಮುಂಬಯಿಗೆ ಬಂದಿಳಿದಿದ್ದರು. ಹಾಗೆ ಅಮ್ಮಾನಿನ ದಾರಿಯಲ್ಲಿ ಬಂದ ಭಾರತೀಯರು ಲಕ್ಷಕ್ಕೂ ಹೆಚ್ಚು. ಅವರಲ್ಲಿ ನಮ್ಮ ಕರಾವಳಿಯವರು ಎಷ್ಟೋ ಮಂದಿ. ಟೀವಿಯಲ್ಲಿ ಬಾಗ್ದಾದಿನ ರಾತ್ರಿ ಬಂತು: ಹಸಿರು ಪರದೆ, ಮೇಲೇರುವ ಕಿಡಿಗಳು, ಅಲ್ಲಲ್ಲಿ ಬಿಳಿ ಉಬ್ಬು. ಮನೆಯಲ್ಲಿದ್ದ ಹುಡುಗರು ದೀಪಾವಳಿಯ ಹುಮ್ಮಸ್ಸಿನಲ್ಲಿ ನೋಡುತ್ತಿದ್ದರು. ಭಾವ ಸ್ವಲ್ಪ ಹೊತ್ತು ಸುಮ್ಮನಿದ್ದು ನನ್ನ ಕಡೆ ತಿರುಗಿ, "ಬಾಗ್ದಾದಿನ ಹೊರಗೆ ಒಬ್ಬ ಹೆಂಗಸು ನಮ್ಮ ಬಸ್ಸಿನ ಎಲ್ಲರಿಗೂ ರೊಟ್ಟಿ ತಂದು ಕೊಟ್ಟಿದ್ದಳು ಮಾರಾಯ. ದುಡ್ಡು ತಗೊಳ್ಳಲಿಲ್ಲ. ಅವಳ ಮನೆ ಇದರಲ್ಲಿ ಎಲ್ಲಿ ಬರ್ತದೆ?" ಎಂದು ಕೇಳಿದರು.

ನನ್ನ ಮೇಜಿನ ಮೇಲಿದ್ದ ಯಾವ ಹಾಳೆಯಲ್ಲೂ ಅದಕ್ಕೆ ಉತ್ತರ ಇರಲಿಲ್ಲ. ಆ ಯುದ್ಧದಲ್ಲಿ ಹಾಕಿದ ಬಾಂಬುಗಳಲ್ಲಿ ಟೀವಿ ತೋರಿಸಿದಂಥ ಗುರಿ ಹುಡುಕಿಕೊಂಡು ಹೋಗುವ ಬಾಂಬುಗಳ ಪ್ರಮಾಣ ಶೇ. 10ಕ್ಕಿಂತ ಕಡಿಮೆ ಎಂದು ಗೊತ್ತಾದದ್ದು ಯುದ್ಧ ಮುಗಿದ ಮೇಲೆ. ಉಳಿದವು ಹಳೇ ಕಾಲದವೇ, ಬಿದ್ದಲ್ಲಿ ಬೀಳುವಂಥವು. ಫೆಬ್ರುವರಿ 13ರಂದು ಅಮಿರಿಯಾದ ಆಶ್ರಯತಾಣದ ಮೇಲೆ ಎರಡು ಬಾಂಬು ಬಿದ್ದು 400ಕ್ಕೂ ಹೆಚ್ಚು ನಾಗರಿಕರು ಸತ್ತಾಗ ಮಾತ್ರ ಕೆಳಗೆ ಜನ ಇದ್ದಾರೆಂಬುದು ಒಂದೆರಡು ದಿನ ಜಗತ್ತಿಗೆ ಕಂಡಿತು. ಆಮೇಲೆ ಮತ್ತೆ ರಿಯಾದಿನ ಹಾಳೆಗಳು.

ಪತ್ರಕರ್ತ, ಸಾಕ್ಷ್ಯಚಿತ್ರಕಾರ ಜಾನ್ ಪಿಲ್ಜರ್ ನನ್ನ ಬದುಕಿನೊಳಗೆ ಬಂದದ್ದು ಭಾವನ ಈ ಪ್ರಶ್ನೆ ತಲೆಯಲ್ಲಿ ಕೊರೆಯುತ್ತಿದ್ದ ಕಾಲದಲ್ಲಿ. ಲಂಡನ್ನಿನಿಂದ ರಜೆಗೆ ಬಂದ ಗೆಳೆಯನೊಬ್ಬ ಒಂದು ವಿಡಿಯೊ ಕ್ಯಾಸೆಟ್ ತಂದಿದ್ದ. ಟೀವಿಯಿಂದ ರೆಕಾರ್ಡು ಮಾಡಿದ್ದು, ಪರದೆಯ ಅಡಿಯಲ್ಲಿ ಒಂದು ಗೆರೆ ಸದಾ ನಡುಗುತ್ತಿತ್ತು. ಬಸವನಗುಡಿಯ ಅವನ ಮನೆಯ ನಡುಮನೆಯಲ್ಲಿ ಚಾಪೆ ಹಾಸಿ ಕೂತು ನಾವು ಕೆಲವರು ನೋಡಿದ ಆ ಚಿತ್ರ 'ಇಯರ್ ಜೀರೊ: ದ ಸೈಲೆಂಟ್ ಡೆತ್ ಆಫ್ ಕಾಂಬೋಡಿಯ', 1979ರದ್ದು.

ಪೋಲ್ ಪಾಟನ ಖಮೇರ್ ರೂಜ್ ಪಡೆ 1975ರ ಏಪ್ರಿಲ್ 17ರಂದು ನೋಮ್ ಪೆನ್ ನಗರವನ್ನು ಹಿಡಿದು, ಊರಿನ ಜನರನ್ನೆಲ್ಲ ಹಳ್ಳಿಗಾಡಿಗೆ ಅಟ್ಟಿತು. 1979ರ ಜನವರಿ 7ರಂದು ವಿಯೆಟ್ನಾಮಿನ ಸೇನೆ ಬಂದು ಅವರನ್ನು ಓಡಿಸಿತು. ಕೆಲವು ತಿಂಗಳ ನಂತರ ಪಿಲ್ಜರ್, ನಿರ್ದೇಶಕ ಡೇವಿಡ್ ಮನ್ರೊ, 'ಡೈಲಿ ಮಿರರ್' ಪತ್ರಿಕೆಯ ಛಾಯಾಗ್ರಾಹಕ ಎರಿಕ್ ಪೈಪರ್ ಅಲ್ಲಿಗೆ ಹೋದರು. ದೊಡ್ಡ ಬೀದಿ, ಸಾಲು ಮನೆಗಳು, ಜನವೇ ಇಲ್ಲ. ರಾಷ್ಟ್ರೀಯ ಬ್ಯಾಂಕನ್ನು ಖಮೇರ್ ರೂಜ್ ಸ್ಫೋಟಿಸಿ, ದುಡ್ಡು ಎಂಬುದನ್ನೇ ರದ್ದು ಮಾಡಿತ್ತು. ಗರಿಗರಿ ನೋಟುಗಳು ಬೀದಿಯಲ್ಲಿ ಹಾರಾಡುತ್ತವೆ, ಮಳೆ ಬಂದರೆ ಚರಂಡಿಯಲ್ಲಿ ತೇಲುತ್ತವೆ. ಬದುಕಿ ಉಳಿದವರು ಅವನ್ನು ಒಲೆಗೆ ಹಾಕಿ ಗೆಡ್ಡೆಗೆಣಸು ಬೇಯಿಸುತ್ತಾರೆ. ಆಮೇಲೆ ಆಸ್ಪತ್ರೆಯ ಮಕ್ಕಳು. ಔಷಧ ಸಿಕ್ಕರೆ ವಾಸಿಯಾಗುವ ಕಾಯಿಲೆ, ಆದರೆ ಔಷಧ ಇಲ್ಲ. ಎತ್ತರದ, ಹೊಂಗೂದಲಿನ ಆ ಮನುಷ್ಯ ಮಕ್ಕಳ ಪಕ್ಕದಲ್ಲಿ ನಿಂತು ಕ್ಯಾಮೆರಾವನ್ನು ನೇರ ನೋಡುತ್ತಾ ಸಣ್ಣ ಸಣ್ಣ ವಾಕ್ಯಗಳಲ್ಲಿ ಮಾತಾಡುತ್ತಾರೆ. ದನಿ ಏರುವುದಿಲ್ಲ. ಸಿಟ್ಟು ಮಾತ್ರ ನಿಚ್ಚಳವಾಗಿ ತಿಳಿಯುತ್ತದೆ.

ಪೋಲ್ ಪಾಟ್ ರಾಕ್ಷಸ ಎಂದು ಹೇಳಿ ಮುಗಿಸುವುದು ಅಂದು ಯಾವ ಪಾಶ್ಚಾತ್ಯ ವರದಿಗಾರನಿಗೂ ಸುಲಭವಿತ್ತು. ಪಿಲ್ಜರ್ ಅಲ್ಲಿಗೆ ನಿಲ್ಲಿಸಲಿಲ್ಲ. 1969ರಿಂದ 1973ರವರೆಗೆ ನಿಕ್ಸನ್ ಮತ್ತು ಕಿಸಿಂಜರ್ ಈ ಪುಟ್ಟ ದೇಶದ ಮೇಲೆ ಸುರಿಸಿದ ಬಾಂಬುಗಳನ್ನು ಮೊದಲು ಎದುರಿಗಿಟ್ಟರು, ಪೋಲ್ ಪಾಟ್ ಬೆಳೆದದ್ದು ಆ ಹಾಳುಬಿದ್ದ ನೆಲದಲ್ಲಿ ಎಂದರು. ಆಮೇಲೆ, ಬಿಡಿಸಿದವರು ವಿಯೆಟ್ನಾಮಿನವರು ಎಂಬ ಒಂದೇ ಕಾರಣಕ್ಕೆ ಹಸಿದ ಮಕ್ಕಳಿಗೆ ನೆರವು ತಡೆದ ಸರ್ಕಾರಗಳನ್ನು ಹೆಸರು ಹಿಡಿದು ಕೇಳಿದರು. ವಿಶ್ವಸಂಸ್ಥೆಯಲ್ಲಿ ಕಾಂಬೋಡಿಯದ ಕುರ್ಚಿ ಮತ್ತೂ ವರ್ಷಗಟ್ಟಲೆ ಪೋಲ್ ಪಾಟನ ಕಡೆಯವರಿಗೇ ಸಲ್ಲುತ್ತಿತ್ತು. ನೋಮ್ ಪೆನ್ನಿನ ಹೊಸ ಸರ್ಕಾರಕ್ಕೆ 1980ರಲ್ಲೇ ಮಾನ್ಯತೆ ಕೊಟ್ಟ ದೇಶಗಳಲ್ಲಿ ಇಂದಿರಾ ಗಾಂಧಿಯವರ ಭಾರತ ಒಂದು. ಅದಕ್ಕಾಗಿ ನಮ್ಮ ದೇಶ ಬೈಸಿಕೊಂಡಿತು. ಆ ಸಲ ಭಾರತ ಮಾಡಿದ್ದು ಸರಿ ಎಂದು ನಾನು ಈಗಲೂ ನಂಬಿದ್ದೇನೆ.

ಚಿತ್ರ ಬ್ರಿಟನ್ನಿನ ಐಟಿವಿಯಲ್ಲಿ ಬಂದ ಮೇಲೆ ಯಾರೂ ಕೇಳದೆಯೇ ಜನರು ಹಣ ಕಳಿಸಿದರು. ಒಟ್ಟು ಸುಮಾರು 4.5 ಕೋಟಿ ಡಾಲರ್ ನೆರವು ಸೇರಿತೆಂಬುದು ದಾಖಲೆ. ಕಾಂಬೋಡಿಯಕ್ಕೇ ಮೀಸಲಾದ 'ಮಿರರ್' ಸಂಚಿಕೆ ಮಾರಾಟವಾಗಿ ಮುಗಿಯಿತು. ಜನಕ್ಕೆ ದೂರದ ದೇಶದ ಸುದ್ದಿ ಬೇಡ, ಒಂದು ಕಾಲಂ ಸಾಕು ಎಂದು ನಮ್ಮ ಡೆಸ್ಕಿನಲ್ಲಿ ದಿನಾ ಕೇಳುತ್ತಿದ್ದ ಮಾತು ಆ ರಾತ್ರಿಯಿಂದ ನನ್ನ ಕಿವಿಗೆ ಹಿಡಿಸಲಿಲ್ಲ.

ಅಲ್ಲಿಂದ ಅವರ ಬರಹಗಳನ್ನು ಹುಡುಕಿ ಓದತೊಡಗಿದೆ. 1939ರಲ್ಲಿ ಸಿಡ್ನಿಯ ಬಾಂಡೈಯಲ್ಲಿ ಹುಟ್ಟಿದವರು. ಶಾಲೆಯಲ್ಲೇ ಪತ್ರಿಕೆ ಶುರುಮಾಡಿದ್ದರು, ಸಿಡ್ನಿಯ ಪತ್ರಿಕೆಯೊಂದರಲ್ಲಿ ಕೆಲಸ ಕಲಿತು ಅರವತ್ತರ ದಶಕದ ಆರಂಭದಲ್ಲಿ ಲಂಡನ್ ಸೇರಿದರು. 1963ರಲ್ಲಿ 'ಡೈಲಿ ಮಿರರ್' ಸೇರಿದ್ದು ಉಪಸಂಪಾದಕರಾಗಿ, ನನ್ನ ಹಾಗೆ ಡೆಸ್ಕಿನವರಾಗಿ. ಇದನ್ನು ಓದಿದಾಗ ನನಗೆ ಎಷ್ಟು ಖುಷಿಯಾಯಿತೆಂದು ಹೇಳಲಾರೆ. 'ಮಿರರ್' ಆಗ ದಿನಕ್ಕೆ ಐವತ್ತು ಲಕ್ಷ ಪ್ರತಿ ಹೋಗುತ್ತಿದ್ದ ಕಾರ್ಮಿಕರ ಪತ್ರಿಕೆ. ಗಣಿ ಕೆಲಸದವನಿಗೂ ಬಸ್ ಕಂಡಕ್ಟರಿಗೂ ಅರ್ಥವಾಗುವಂತೆ ವಿಯೆಟ್ನಾಮಿನ ಯುದ್ಧವನ್ನು ಬರೆಯಬೇಕಿತ್ತು. ಅವರ ಚಿತ್ರಗಳ ಭಾಷೆ ಪಳಗಿದ್ದು ಅಲ್ಲಿ. ಅರವತ್ತರಷ್ಟು ಸಾಕ್ಷ್ಯಚಿತ್ರ ಮಾಡಿದರೂ ಪಿಲ್ಜರ್ ಮೊದಲಿಗೆ ಬರಹಗಾರ. ದೃಶ್ಯ ಎಷ್ಟೇ ಬಲವಾಗಿರಲಿ, ಚಿತ್ರವನ್ನು ಎತ್ತಿ ನಿಲ್ಲಿಸುವುದು ಅವರು ಬರೆದು ಓದುವ ಮಾತು.

ಮೊದಲ ಚಿತ್ರ 'ದ ಕ್ವಯಟ್ ಮ್ಯುಟಿನಿ', 1970ರದ್ದು. ಅರ್ಧ ಗಂಟೆಯೂ ಇಲ್ಲ. ಕಡ್ಡಾಯವಾಗಿ ಸೇನೆಗೆ ಸೇರಿಸಿಕೊಂಡ ಅಮೆರಿಕದ ಹುಡುಗರು ವಿಯೆಟ್ನಾಮಿನಲ್ಲಿ ಆಜ್ಞೆ ಪಾಲಿಸದೆ ಕೂತಿದ್ದಾರೆ, ಕೆಲವರು ತಮ್ಮ ಅಧಿಕಾರಿಗಳ ಮೇಲೆಯೇ ಗ್ರೆನೇಡ್ ಎಸೆಯುತ್ತಿದ್ದಾರೆ ಎಂಬುದನ್ನು ಅದು ಬಯಲಿಗೆ ತಂದಿತು. ಲಂಡನ್ನಿನಲ್ಲಿದ್ದ ಅಮೆರಿಕದ ರಾಯಭಾರಿ ವಾಲ್ಟರ್ ಆನೆನ್‌ಬರ್ಗ್ ದೂರು ಕೊಟ್ಟರು. ದೂರುಗಳು ಮುಂದೆಯೂ ಅವರನ್ನು ಬಿಡಲಿಲ್ಲ. 1971ರಲ್ಲಿ ಪೂರ್ವ ಬಂಗಾಳದ ಹತ್ಯೆಗಳ ಬಗ್ಗೆ 'ಮಿರರ್'ಗೆ ಬರೆದರು. 1975ರಲ್ಲಿ ಬಾಂಗ್ಲಾದೇಶದ ಕ್ಷಾಮದ ಮೇಲೆ ಚಿತ್ರ ಮಾಡಿದರು. ರಾಬರ್ಟ್ ಮ್ಯಾಕ್ಸ್‌ವೆಲ್ 'ಮಿರರ್' ಕೊಂಡ ಮೇಲೆ, 1985ರ ಕೊನೆಗೆ, ಅವರನ್ನು ಕೆಲಸದಿಂದ ತೆಗೆದರು. ಅಷ್ಟು ಹೊತ್ತಿಗೆ ವರ್ಷದ ಪತ್ರಕರ್ತ ಪ್ರಶಸ್ತಿ ಅವರಿಗೆ ಎರಡು ಸಲ ಬಂದಾಗಿತ್ತು.

ಪೂರ್ವ ತಿಮೋರ್ ಎಂಬ ಹೆಸರನ್ನು ನಮ್ಮ ಪುಟದಲ್ಲಿ ನಾನು ಬರೆದದ್ದು ತೀರಾ ಅಪರೂಪ. ಇಂಡೋನೇಷ್ಯ 1975ರ ಡಿಸೆಂಬರಿನಲ್ಲಿ ಅದನ್ನು ಆಕ್ರಮಿಸಿತು. ಮುಂದಿನ 24 ವರ್ಷಗಳಲ್ಲಿ ಲಕ್ಷಕ್ಕೂ ಹೆಚ್ಚು ಜನ ಗುಂಡಿಗೆ, ಹಸಿವಿಗೆ, ರೋಗಕ್ಕೆ ಬಲಿಯಾದರು. ಏಜೆನ್ಸಿಯ ತಂತಿಯಲ್ಲಿ ಅದು ಬರುತ್ತಲೇ ಇರಲಿಲ್ಲ. ಪಿಲ್ಜರ್ ಮತ್ತು ಮನ್ರೊ ಬೇರೆ ವೇಷದಲ್ಲಿ ಒಳಹೊಕ್ಕು, ಕದ್ದುಮುಚ್ಚಿ ಚಿತ್ರೀಕರಿಸಿ, 1994ರಲ್ಲಿ 'ಡೆತ್ ಆಫ್ ಎ ನೇಷನ್' ತಂದರು. ಅದರಲ್ಲಿ ಬ್ರಿಟನ್ನಿನ ರಕ್ಷಣಾ ಖಾತೆಯ ಮಾಜಿ ಮಂತ್ರಿ ಅಲನ್ ಕ್ಲಾರ್ಕ್ ಬರುತ್ತಾರೆ. ಇಂಡೋನೇಷ್ಯಕ್ಕೆ ಹಾಕ್ ವಿಮಾನ ಮಾರಿದ ಸರ್ಕಾರದಲ್ಲಿದ್ದವರು. ಪಿಲ್ಜರ್ ನಿಧಾನವಾಗಿ ಕೇಳುತ್ತಾರೆ: ನೀವು ಸಸ್ಯಾಹಾರಿ, ಪ್ರಾಣಿಗಳನ್ನು ಕೊಲ್ಲುವ ರೀತಿ ನಿಮ್ಮನ್ನು ಕಾಡುತ್ತದಂತೆ, ಆ ಕಾಳಜಿ ಮನುಷ್ಯರವರೆಗೂ ಹೋಗುತ್ತದೆಯೇ? ವಿಚಿತ್ರ, ಇಲ್ಲ ಎಂಬರ್ಥದ ಉತ್ತರ ಬರುತ್ತದೆ. ಪಿಲ್ಜರ್ ಮೇಲೆ ಬೀಳುವುದಿಲ್ಲ, ಬೈಯುವುದಿಲ್ಲ. ಆ ಮುಖವನ್ನು ನೋಡಲು ನಮಗೆ ಬಿಡುತ್ತಾರೆ, ಅಷ್ಟೆ. ಸಂದರ್ಶನ ಎಂದರೆ ಏನೆಂದು ಹೊಸ ಹುಡುಗರು ಕೇಳಿದಾಗಲೆಲ್ಲ ನಾನು ಈ ಭಾಗವನ್ನೇ ತೋರಿಸುತ್ತಾ ಬಂದಿದ್ದೇನೆ.

ಆದರೂ ಅವರ ಚಿತ್ರಗಳಲ್ಲಿ ನನಗೆ ಎಲ್ಲಕ್ಕಿಂತ ಹತ್ತಿರದ್ದು 'ಸ್ಟೀಲಿಂಗ್ ಎ ನೇಷನ್' (2004). ಡಿಯೆಗೊ ಗಾರ್ಸಿಯಾ ನಮ್ಮ ಕನ್ಯಾಕುಮಾರಿಯಿಂದ ಸುಮಾರು 1,800 ಕಿ.ಮೀ. ದೂರದಲ್ಲಿ, ನಮ್ಮದೇ ಸಾಗರದಲ್ಲಿರುವ ದ್ವೀಪ. ಅಫ್ಘಾನಿಸ್ತಾನಕ್ಕೂ ಇರಾಕಿಗೂ ಬಿ-52 ವಿಮಾನಗಳು ಎದ್ದದ್ದು ಅಲ್ಲಿಂದ. ಆ ಹೆಸರು ನಾನು ಎಷ್ಟೋ ಸಲ ಕಂಪೋಸಿಂಗಿಗೆ ಕಳಿಸಿದ್ದೇನೆ, ಪ್ರತಿ ಸಲವೂ ಸೇನಾನೆಲೆ ಎಂಬ ಪದದ ಜೊತೆ. ಅಲ್ಲಿ ಒಂದು ಊರಿತ್ತು, ಚರ್ಚು ಇತ್ತು, ತೆಂಗಿನ ತೋಟ ಇತ್ತು, ಮಕ್ಕಳು ನಾಯಿಗಳ ಜೊತೆ ಕಡಲಿಗಿಳಿದು ಆಡುತ್ತಿದ್ದರು ಎಂದು ತೋರಿಸಿದ್ದು ಈ ಚಿತ್ರ. ಅಮೆರಿಕಕ್ಕೆ ಜನರಿಲ್ಲದ ದ್ವೀಪ ಬೇಕಿತ್ತು. ಪೊಲಾರಿಸ್ ಕ್ಷಿಪಣಿಯ ಬೆಲೆಯಲ್ಲಿ 1.4 ಕೋಟಿ ಡಾಲರ್ ರಿಯಾಯಿತಿಗೆ ಬ್ರಿಟನ್ ಒಪ್ಪಿತು. 1968ರಿಂದ 1973ರೊಳಗೆ ಚಾಗೋಸ್ ದ್ವೀಪಗಳ ಎರಡು ಸಾವಿರದಷ್ಟು ಜನರನ್ನು ಮಾರಿಷಸ್ಸಿಗೂ ಸೇಷೆಲ್ಸಿಗೂ ಸಾಗಿಸಿತು. ಅವರು ಹುಟ್ಟಿದ ಊರನ್ನು ಕಡತಗಳಲ್ಲಿ ಗುತ್ತಿಗೆ ಕೂಲಿಗಳ ತಂಗುದಾಣವೆಂದು ಬರೆದುಕೊಂಡಿತು. ಜನರನ್ನು ಹೆದರಿಸಲು ಮೊದಲು ನಾಯಿಗಳನ್ನು ಕೊಂದರು. ಅವನ್ನು ಕೂಡಿಹಾಕಿ, ಸೇನಾ ವಾಹನಗಳ ಹೊಗೆ ಬಿಟ್ಟು.

ಚಿತ್ರದಲ್ಲಿ ಪಿಲ್ಜರ್ ಆ ಕಡತಗಳನ್ನು ಒಂದೊಂದಾಗಿ ಓದುತ್ತಾರೆ. ಯಾವ ಅಧಿಕಾರಿ, ಯಾವ ತಾರೀಕು, ಏನು ಬರೆದ. ಆಮೇಲೆ ಮಾರಿಷಸ್ಸಿನ ಕೊಳೆಗೇರಿಯಲ್ಲಿ ಮುದುಕಿಯೊಬ್ಬರು ಸತ್ತ ಮಕ್ಕಳ ವಿಷಯ ಹೇಳುತ್ತಾರೆ. ದುಃಖಕ್ಕೇ ಸತ್ತರು ಎನ್ನುತ್ತಾರೆ. ಕಡತವೂ ಮುದುಕಿಯೂ ಒಂದೇ ಚಿತ್ರದಲ್ಲಿ ಎದುರುಬದುರು ಕೂತಾಗ ಆಗುವ ನ್ಯಾಯವಿಚಾರಣೆ ಕೋರ್ಟಿನಲ್ಲೂ ಆಗದು ಎನಿಸಿತು ನನಗೆ. ಭಾವನಿಗೆ ರೊಟ್ಟಿ ಕೊಟ್ಟ ಹೆಂಗಸನ್ನು ನಾನು ಹುಡುಕುತ್ತಿದ್ದದ್ದು ಇಂಥ ಚಿತ್ರದಲ್ಲಿ.

2003ರ ಇರಾಕ್ ಯುದ್ಧದ ಹೊತ್ತಿಗೆ ನಮ್ಮ ಡೆಸ್ಕಿಗೆ ಕಂಪ್ಯೂಟರು ಬಂದಿತ್ತು, ಗೋಡೆಯ ಮೇಲೆ ಟೀವಿ ಬಂದಿತ್ತು. ಹಾಳೆ ಹರಿಯುವ ಕೆಲಸ ತಪ್ಪಿತು, ಸುದ್ದಿ ಬರುವ ದಿಕ್ಕು ಬದಲಾಗಲಿಲ್ಲ. ಬಾಸ್ರಾ ಬಿದ್ದಿತೆಂದು ಒಂದು ಸಲ, ಇಲ್ಲವೆಂದು ಇನ್ನೊಂದು ಸಲ, ಮತ್ತೆ ಬಿದ್ದಿತೆಂದು. ಏಪ್ರಿಲ್ 9ರಂದು ಫಿರ್ದೌಸ್ ಚೌಕದಲ್ಲಿ ಸದ್ದಾಂ ಪ್ರತಿಮೆ ಉರುಳಿದ ಚಿತ್ರ ಎಲ್ಲ ಪತ್ರಿಕೆಗಳ ಮುಖಪುಟದಲ್ಲೂ ಬಂತು. ಅದೇ ವರ್ಷ ಪಿಲ್ಜರ್ ತಂದ 'ಬ್ರೇಕಿಂಗ್ ದ ಸೈಲೆನ್ಸ್' ಚಿತ್ರದಲ್ಲಿ ಒಂದು ಹಳೆಯ ತುಣುಕು ಇತ್ತು: 2001ರ ಫೆಬ್ರುವರಿಯಲ್ಲಿ ಕೈರೊದಲ್ಲಿ ನಿಂತು ಕಾಲಿನ್ ಪವೆಲ್, ಸದ್ದಾಂ ಸಮೂಹನಾಶಕ ಅಸ್ತ್ರಗಳ ವಿಷಯದಲ್ಲಿ ಹೇಳಿಕೊಳ್ಳುವಂಥ ಶಕ್ತಿ ಬೆಳೆಸಿಕೊಂಡಿಲ್ಲ ಎನ್ನುತ್ತಿದ್ದಾರೆ. ಎರಡು ವರ್ಷಕ್ಕೆ ಅದೇ ಪವೆಲ್ ವಿಶ್ವಸಂಸ್ಥೆಯಲ್ಲಿ ಪಟಗಳನ್ನು ತೋರಿಸಿ ಅದಕ್ಕೆ ತದ್ವಿರುದ್ಧ ಹೇಳಿದರು. ಆ ತುಣುಕು ಗುಪ್ತ ದಾಖಲೆಯೇನಲ್ಲ, ಪತ್ರಿಕಾಗೋಷ್ಠಿಯದ್ದು. ಜಗತ್ತಿನ ಎಲ್ಲ ಸುದ್ದಿಸಂಸ್ಥೆಗಳ ಕಪಾಟಿನಲ್ಲೂ ಇದ್ದದ್ದು. ತೆಗೆದು ನೋಡುವವರು ಬೇಕಿತ್ತು.

ಈ ಸಿಟ್ಟೆಲ್ಲ ಒಟ್ಟಾಗಿ 2010ರಲ್ಲಿ 'ದ ವಾರ್ ಯು ಡೋಂಟ್ ಸೀ' ಆಯಿತು. ಅದು ಶುರುವಾಗುವುದು 2007ರ ಜುಲೈ 12ರಂದು ಬಾಗ್ದಾದಿನ ಬೀದಿಯಲ್ಲಿದ್ದವರ ಮೇಲೆ ಅಮೆರಿಕದ ಹೆಲಿಕಾಪ್ಟರ್ ಗುಂಡು ಹಾರಿಸಿದ ದೃಶ್ಯದಿಂದ. ಸತ್ತವರಲ್ಲಿ ರಾಯ್ಟರ್ಸಿನ ಇಬ್ಬರಿದ್ದರು, ಛಾಯಾಗ್ರಾಹಕ ನಮೀರ್ ನೂರ್ ಎಲ್ದೀನ್ ಮತ್ತು ಚಾಲಕ ಸಯೀದ್ ಚ್ಮಾಗ್. ರಾಯ್ಟರ್ಸ್ ಕೇಳಿದರೂ ಸಿಗದ ಆ ದೃಶ್ಯವನ್ನು ವಿಕಿಲೀಕ್ಸ್ 2010ರ ಏಪ್ರಿಲಿನಲ್ಲಿ ಹೊರಗೆ ಹಾಕಿತ್ತು. ಚಿತ್ರದ ಉಳಿದ ಭಾಗದಲ್ಲಿ ಪಿಲ್ಜರ್ ಜನರಲ್‌ಗಳನ್ನು ಅಷ್ಟಾಗಿ ಕೇಳುವುದಿಲ್ಲ, ನಮ್ಮವರನ್ನು ಕೇಳುತ್ತಾರೆ. ಬಿಬಿಸಿಯ ಸುದ್ದಿ ಮುಖ್ಯಸ್ಥರು, ಐಟಿವಿಯ ಸಂಪಾದಕರು, ಅಮೆರಿಕದ ಡ್ಯಾನ್ ರಾದರ್. ಪತ್ರಕರ್ತರು ಪ್ರಶ್ನೆ ಕೇಳಿದ್ದರೆ ಈ ಯುದ್ಧವೇ ಆಗುತ್ತಿರಲಿಲ್ಲವೇನೋ ಎಂಬಲ್ಲಿಗೆ ರಾದರ್ ಬರುತ್ತಾರೆ. 2003ರಲ್ಲಿ ಬಾಗ್ದಾದಿನಿಂದ ವರದಿ ಮಾಡುತ್ತಿದ್ದ ಬಿಬಿಸಿಯ ರಾಗೆ ಓಮಾರ್, ಕೇಳಬೇಕಾದ ಕಷ್ಟದ ಪ್ರಶ್ನೆಗಳನ್ನು ತಾವು ಕೇಳಲಿಲ್ಲವೆಂದು ನೇರವಾಗಿ ಒಪ್ಪುತ್ತಾರೆ. ಒಪ್ಪದವರೂ ಇದ್ದಾರೆ. ಅವರು ಎರಡೂ ಕಡೆ ಕೇಳಿದೆವು ಎನ್ನುತ್ತಾರೆ, ಪಿಲ್ಜರ್ ಯಾವ ದಿನ, ಯಾವ ಬುಲೆಟಿನ್ ಎಂದು ಕೇಳುತ್ತಾ ಹೋಗುತ್ತಾರೆ.

ನೋಡುತ್ತಾ ನನಗೆ ಅನಿಸಿದ್ದು ಇದು: ಆ ಮೇಜುಗಳಲ್ಲಿ ಕೂತವರು ದುಷ್ಟರಲ್ಲ. ನನ್ನ ಸಹೋದ್ಯೋಗಿಗಳ ಹಾಗೆಯೇ ದಣಿದವರು, ಗಡಿಯಾರ ನೋಡುವವರು. ಸರ್ಕಾರ ಹೇಳಿದ್ದು ಕೈಗೆ ಬೇಗ ಸಿಗುತ್ತದೆ, ಅದಕ್ಕೆ ಹೆಸರಿದೆ, ಹುದ್ದೆಯಿದೆ, ಹಾಕಿದರೆ ಯಾರೂ ಕೇಳುವುದಿಲ್ಲ. ಬಾಂಬು ಬಿದ್ದ ಕಡೆಯವರು ಹೇಳಿದ್ದಕ್ಕೆ ಹತ್ತು ಸಾಕ್ಷಿ ಬೇಕು. ಈ ಅಸಮ ತಕ್ಕಡಿಗೆ ಸಮತೋಲನ ಎಂದು ಹೆಸರಿಟ್ಟುಕೊಂಡಿದ್ದೇವೆ ಎಂಬುದು ಪಿಲ್ಜರ್ ಅವರ ಆರೋಪ, ಮತ್ತು ಇಷ್ಟು ವರ್ಷ ಡೆಸ್ಕಿನಲ್ಲಿ ಕೂತವನಾಗಿ ಅದು ನಿಜ ಎಂದು ನಾನು ಹೇಳಬಲ್ಲೆ.

ಅವರ ಎಲ್ಲ ಮಾತನ್ನೂ ನಾನು ಒಪ್ಪಿದವನಲ್ಲ. ಇರಾಕಿನ ಮೇಲಿನ ದಿಗ್ಬಂಧನದ ಬಗ್ಗೆ 2000ದಲ್ಲಿ ಮಾಡಿದ ಚಿತ್ರದ ಕಾಲದಲ್ಲಿ ಎಲ್ಲರೂ ನಂಬಿದ್ದ ಐದು ಲಕ್ಷ ಮಕ್ಕಳ ಸಾವಿನ ಅಂಕಿಯನ್ನು ಮುಂದಿನ ಸಂಶೋಧಕರು ತಳ್ಳಿಹಾಕಿದ್ದಾರೆ. ಅದಕ್ಕೆ ಆಧಾರವಾದ ಸಮೀಕ್ಷೆ ಸದ್ದಾಂ ಸರ್ಕಾರದ ಕೈಯಾಡಿದ್ದು. ದಿಗ್ಬಂಧನ ಕ್ರೂರವಾಗಿತ್ತು ಎನ್ನಲು ಆ ಅಂಕಿ ಬೇಕಾಗಿಯೂ ಇರಲಿಲ್ಲ, ಇರಾಕಿನಲ್ಲಿ ವಿಶ್ವಸಂಸ್ಥೆಯ ಮಾನವೀಯ ನೆರವಿನ ಹೊಣೆ ಹೊತ್ತಿದ್ದ ಡೆನಿಸ್ ಹ್ಯಾಲಿಡೆ, ಹಾನ್ಸ್ ಫಾನ್ ಸ್ಪೊನೆಕ್ ಇಬ್ಬರೂ ರಾಜೀನಾಮೆ ಕೊಟ್ಟು ಹೊರಬಂದಿದ್ದೇ ಸಾಕಿತ್ತು. ಕೊನೆಯ ವರ್ಷಗಳಲ್ಲಂತೂ ವಾಷಿಂಗ್ಟನ್ನಿನ ಮಾತಿಗೆ ಹಿಡಿದ ಒರೆಗಲ್ಲನ್ನು ಮಾಸ್ಕೊ, ಬೀಜಿಂಗ್‌ಗಳ ಮಾತಿಗೆ ಅವರು ಹಿಡಿಯಲಿಲ್ಲ. 2018ರಲ್ಲಿ ಇಂಗ್ಲೆಂಡಿನ ಸಾಲಿಸ್ಬರಿಯಲ್ಲಿ ರಷ್ಯಾದ ಮಾಜಿ ಗೂಢಚಾರನೊಬ್ಬನ ಮೇಲೆ ನಡೆದ ವಿಷಪ್ರಾಶನವನ್ನು ಕಟ್ಟಿದ ನಾಟಕವೆಂಬಂತೆ ರಷ್ಯಾ ಸರ್ಕಾರದ ವಾಹಿನಿಯಲ್ಲೇ ಹೇಳಿದರು. ನಾನು ಅಷ್ಟು ಗೌರವಿಸಿದ ಮನುಷ್ಯ ಹೀಗೆ ಹೇಳಿದ್ದು ಕೇಳಿ ನನಗೆ ನೋವಾಯಿತು. ಅವರೇ ಕಲಿಸಿದ ಪ್ರಶ್ನೆಯನ್ನು ಅವರಿಗೂ ಕೇಳಬೇಕಾಗುತ್ತದೆ.

2023ರ ಡಿಸೆಂಬರ್ 30ರಂದು, 84ನೇ ವಯಸ್ಸಿನಲ್ಲಿ, ಅವರು ಲಂಡನ್ನಿನಲ್ಲಿ ತೀರಿಕೊಂಡರು. ಗಾಜಾದ ಮೇಲೆ ಬಾಂಬು ಬೀಳುತ್ತಿದ್ದ ದಿನಗಳವು. ಹೊರಗಿನ ಪತ್ರಕರ್ತರನ್ನು ಸ್ವತಂತ್ರವಾಗಿ ಒಳಗೆ ಬಿಡುತ್ತಿರಲಿಲ್ಲ, ಒಳಗಿದ್ದ ಪ್ಯಾಲೆಸ್ಟೀನಿನ ಪತ್ರಕರ್ತರು ಒಬ್ಬೊಬ್ಬರಾಗಿ ಸಾಯುತ್ತಿದ್ದರು. 'ಪ್ಯಾಲೆಸ್ಟೈನ್ ಈಸ್ ಸ್ಟಿಲ್ ದ ಇಶ್ಯೂ' ಎಂಬ ಒಂದೇ ಹೆಸರಿನಲ್ಲಿ ಅವರು ಎಪ್ಪತ್ತರ ದಶಕದಲ್ಲೊಂದು, 2002ರಲ್ಲೊಂದು ಚಿತ್ರ ಮಾಡಿದ್ದರು.

ನಿವೃತ್ತನಾದ ಮೇಲೆ ಪತ್ರಿಕೋದ್ಯಮದ ವಿದ್ಯಾರ್ಥಿಗಳಿಗೆ ಆಗಾಗ ಪಾಠ ಮಾಡುತ್ತೇನೆ. ಭಾರತ-ಪಾಕಿಸ್ತಾನ ಸಂಘರ್ಷದ ನಡುವೆ, 2025ರ ಮೇ 8ರ ರಾತ್ರಿ ನಮ್ಮ ದೇಶದ ಹಲವು ಟೀವಿ ವಾಹಿನಿಗಳು ಕರಾಚಿ ಬಂದರು ಧ್ವಂಸವಾಯಿತೆಂದು ಕೂಗಿದ್ದನ್ನು ಆ ಮಕ್ಕಳೆಲ್ಲ ನೋಡಿದ್ದರು. ಬೆಳಗಾಗುವ ಹೊತ್ತಿಗೆ ಬಂದರು ಇದ್ದಲ್ಲೇ ಇತ್ತು. ಆ ಸಮಯಕ್ಕೆ ಹರಿದಾಡಿದ ವಿಡಿಯೊಗಳಲ್ಲಿ ಕೆಲವು ಬೇರೆ ದೇಶದವು ಎಂಬುದೂ ಹೊರಬಿತ್ತು. ಮುಂದಿನ ತರಗತಿಯಲ್ಲಿ 'ದ ವಾರ್ ಯು ಡೋಂಟ್ ಸೀ' ಹಾಕಿದೆ. ಮುಗಿದ ಮೇಲೆ ಹಾವೇರಿ ಕಡೆಯ ಹುಡುಗಿಯೊಬ್ಬಳು ಎದ್ದು, "ಸರ್, ಇವ್ರೂ ತಮಗ ಬೇಕಾದ್ದನ್ನೇ ತೋರಸ್ತಾರಲ್ರಿ?" ಎಂದಳು.

ಹೌದು ಎಂದೆ. ಪಿಲ್ಜರ್ ನಡುವೆ ನಿಂತವರಲ್ಲ, ನಿಂತಿದ್ದೇನೆ ಎಂದು ಹೇಳಿಕೊಂಡವರೂ ಅಲ್ಲ. ಆದರೆ ಕಡತ, ತಾರೀಕು, ಹೆಸರು ಎದುರಿಗಿಡುತ್ತಾರೆ. ಸುಳ್ಳೆನಿಸಿದರೆ ನೀನು ಹೋಗಿ ನೋಡಬಹುದು. ಮೇ 8ರ ರಾತ್ರಿ ಕೂಗಿದವರಲ್ಲಿ ಯಾರಾದರೂ ಸುದ್ದಿಯ ಮೂಲ ಹೇಳಿದರೇ ಎಂದು ಕೇಳಿದೆ. ಅವಳು ಅಷ್ಟಕ್ಕೆ ಒಪ್ಪಲಿಲ್ಲ. ಕಡತ ಆರಿಸಿದವರೂ ಅವರೇ ಅಲ್ವಾ, ಬಿಟ್ಟದ್ದು ಏನೆಂದು ಹೇಗೆ ತಿಳಿಯುತ್ತದೆ ಎಂದು ವಾದ ಹೂಡಿದಳು. ಉಳಿದವರೂ ಸೇರಿಕೊಂಡರು, ಮಾತು ಕ್ಯಾಂಟೀನಿನವರೆಗೂ ನಡೆಯಿತು. ಕೊನೆಗೆ ಚಾಗೋಸಿನ ಚಿತ್ರ ನೋಡುವುದೆಂದಾಯಿತು. ಜನರನ್ನು ಹೊರಹಾಕಿದ್ದು ಕಾನೂನುಬಾಹಿರ ಎಂದು ಲಂಡನ್ನಿನ ಹೈಕೋರ್ಟು 2000ದಲ್ಲಿ ಕೊಟ್ಟ ತೀರ್ಪು ಯಾರು ಬೇಕಾದರೂ ಓದಲು ಸಿಗುತ್ತದೆ. ಚಿತ್ರಕ್ಕಿಂತ ಮೊದಲು ಅದನ್ನು ಓದಿಕೊಂಡು ಬರುತ್ತೇನೆ ಎಂದಿದ್ದಾಳೆ.